‘ಶಿರೀಜು ಕೋಸೇ’ಗೆ ಕನ್ನಡದಲ್ಲಿ ಏನನ್ನೋಣ?

ಗೆಳೆಯರೇ, ನಮಸ್ಕಾರ.

ಜಪಾನಿನ ಅನಿಮೆ (ಅಲ್ಲಿನ ಆ್ಯನಿಮೇಷನ್ ಸರಣಿ, ಸಿನಿಮಾ) ಬರಹಗಾರ್ತಿ ಮಾರಿ ಒಕಾಡಾ ಬಗ್ಗೆ ಒಂದು ಪರಿಚಯ ಲೇಖನ ಬರೆಯುತ್ತಿದ್ದೇನೆ. ಮೂರು ದಿನದಿಂದ ಒಂದೇ ಪದದ ಹತ್ತಿರ ನಿಂತಿದ್ದೇನೆ.

ಅನಿಮೆ ಸರಣಿಗಳಲ್ಲಿ ಬರಹದವರ ಹೆಸರು ಎರಡು ಕಡೆ ಬರುತ್ತದೆ. ಒಂದು ‘ಕ್ಯಾಕುಹೊನ್’, ಅಂದರೆ ಆಯಾ ಕಂತಿನ ಸ್ಕ್ರಿಪ್ಟ್. ‘ಚಿತ್ರಕಥೆ, ಸಂಭಾಷಣೆ’ ಅಂದರೆ ಸಾಕು. ಇನ್ನೊಂದು ‘ಶಿರೀಜು ಕೋಸೇ’. ‘ಶಿರೀಜು’ ಅಂದರೆ ಸರಣಿ. ತೊಡಕು ಇಲ್ಲಿದೆ. ಯಾವ ಕಂತಿಗೆ ಕಥೆ ಎಲ್ಲಿಗೆ ಬರಬೇಕು, ಯಾವ ಗುಟ್ಟು ಯಾವಾಗ ಬಯಲಾಗಬೇಕು ಅಂತ ಮೊದಲೇ ಗೊತ್ತುಮಾಡುವ ಕೆಲಸ ಇದು. ಕಂತುಗಳನ್ನು ನಾಲ್ಕಾರು ಜನ ಬರೆದರೂ ಒಬ್ಬರೇ ಹೇಳಿದ ಕಥೆಯ ಹಾಗಿರಬೇಕಲ್ವಾ, ಅದೂ ಇವರ ಹೊಣೆ.

2008ರ ‘ತೊರಾದೊರಾ!’ದಲ್ಲಿ ಒಕಾಡಾ ಒಂದು ಕಾದಂಬರಿ ಮಾಲೆಯನ್ನು 25 ಕಂತಿಗೆ ಹೊಂದಿಸಿದರು. ಕೆಲವನ್ನು ತಾವು ಬರೆದರು, ಉಳಿದವನ್ನು ಬೇರೆಯವರು ಬರೆದರು. 2011ರ ‘ಅನೊಹಾನಾ’ದಲ್ಲಿ 11 ಕಂತೂ ಅವರದೇ. ಅದರ ನಾಯಕ ಶಾಲೆಗೆ ಹೋಗದೆ ಮನೆಯಲ್ಲೇ ಉಳಿದ ಹುಡುಗ. ಚಿಚಿಬು ಊರಿನಲ್ಲಿ ಒಕಾಡಾ ಕೂಡ ಹಾಗೇ ವರ್ಷಗಟ್ಟಲೆ ಶಾಲೆಯಿಂದ ದೂರ ಉಳಿದವರು. 2017ರ ಆತ್ಮಕಥೆಯಲ್ಲಿ ಅದನ್ನು ಬಿಚ್ಚಿ ಬರೆದಿದ್ದಾರೆ. 2018ರಲ್ಲಿ ನಿರ್ದೇಶಕಿಯೂ ಆದರು. ಇಂಥವರ ಕಸುಬನ್ನು ‘ಸ್ಕ್ರಿಪ್ಟ್ ಬರೆಯುವವರು’ ಅಂತ ಸುಮ್ನೆ ಮುಗಿಸಿಬಿಡಲು ನನಗೆ ಮನಸ್ಸಿಲ್ಲ.

‘ಸಂಯೋಜನೆ’ ಅಂದರೆ ನಮ್ಮ ಕಿವಿಗೆ ಸಂಗೀತ. ‘ವಿನ್ಯಾಸ’ ಅಂದರೆ ಬಟ್ಟೆ, ಮುಖಪುಟ. ಧಾರಾವಾಹಿಗಳಲ್ಲಿ ‘ಪ್ರಧಾನ ನಿರ್ದೇಶನ’, ‘ಸಂಚಿಕೆ ನಿರ್ದೇಶನ’ ಅಂತ ಹಾಕುತ್ತಾರೆ. ಅದೇ ದಾರಿಯಲ್ಲಿ ‘ಪ್ರಧಾನ ಚಿತ್ರಕಥೆ’ ಅನ್ನಬಹುದು. ಆದರೆ ಅದರಿಂದ ಯಾರು ದೊಡ್ಡವರು ಅಂತ ತಿಳಿಯುತ್ತದೆಯೇ ಹೊರತು ಕೆಲಸ ಏನು ಅಂತ ತಿಳಿಯುವುದಿಲ್ಲ.

ನನಗೆ ಹಿಡಿಸಿರುವುದು ‘ಹಂದರ’. ಜಪಾನಿ ಲಿಪಿಯಲ್ಲಿ ‘ಕೋಸೇ’ ಬರೆಯುವಾಗ ಮೊದಲ ಅಕ್ಷರದ ಎಡಕ್ಕೆ ಮರದ ಗುರುತೇ ಇದೆ. ಕಟ್ಟುವುದು ಅಂತ ಆ ಅಕ್ಷರದ ಅರ್ಥ. ಅದನ್ನು ನೋಡಿದಾಗ ಅಜ್ಜಿಯ ಹಿತ್ತಲು ನೆನಪಾಯಿತು. ಹೀರೆ ಬಳ್ಳಿ ಇನ್ನೂ ಗೇಣುದ್ದ ಇರುವಾಗಲೇ ಅಜ್ಜಿ ಗಳ ನೆಟ್ಟು, ಅಡ್ಡಕ್ಕೆ ಕಡ್ಡಿ ಕಟ್ಟಿ ಹಂದರ ಹಾಕುತ್ತಿದ್ದರು. ಬಳ್ಳಿ ಎತ್ತ ಹಬ್ಬಬೇಕು ಅನ್ನುವುದು ಆಗಲೇ ತೀರ್ಮಾನ ಆಗಿರುತ್ತಿತ್ತು.

ಒಂದೇ ಅನುಮಾನ. ಸಿನಿಮಾ ವಿಮರ್ಶೆಗಳಲ್ಲಿ ‘ಕಥಾಹಂದರ’ ಅಂದರೆ ಕಥೆಯ ಸಾರಾಂಶ ಅಂತಲೇ ಜಾಸ್ತಿ ಬಳಕೆ. ‘ಸರಣಿ ಹಂದರ: ಮಾರಿ ಒಕಾಡಾ’ ಅಂತ ಕಂಡರೆ ನಿಮಗೆ ಕೆಲಸ ಹೊಳೆಯುತ್ತದೆಯೇ, ಸಾರಾಂಶ ಅನಿಸುತ್ತದೆಯೇ? ಧಾರಾವಾಹಿ ಬರೆಯುವವರು ಯಾರಾದರೂ ಇದ್ದರೆ, ಕಂತುಗಳ ಓಟ ಗೊತ್ತುಮಾಡುವವರನ್ನು ನಿಮ್ಮ ತಂಡದಲ್ಲಿ ಏನಂತ ಕರೆಯುತ್ತೀರಿ? ದಯವಿಟ್ಟು ತಿಳಿಸಿ.