ಕುದುರೆಗೆ ಪದವಿ ಕೊಟ್ಟವರು ಯಾರು?

ರೋಮಿನ ಸಾಮ್ರಾಟ ಕ್ಯಾಲಿಗುಲಾ ತನ್ನ ಕುದುರೆಯನ್ನು ಅಲ್ಲಿನ ಅತ್ಯುಚ್ಚ ಅಧಿಕಾರವಾದ ಕಾನ್ಸಲ್ ಪದವಿಗೆ ಏರಿಸಿದನೆಂಬ ಮಾತನ್ನು ನಮ್ಮ ರಾಯರು ಇನ್ನೇನು ಮುಗಿಸಬೇಕು ಎನ್ನುವಷ್ಟರಲ್ಲಿ ಮೇಷ್ಟರು ಕೈಯೆತ್ತಿ ತಡೆದರು. ರಾಯರು ಆಡಿಟ್ ಇಲಾಖೆಯಲ್ಲಿ ದುಡಿದು ನಿವೃತ್ತರಾದವರು, ಮೇಷ್ಟರು ಹೈಸ್ಕೂಲಿನಲ್ಲಿ ಚರಿತ್ರೆ ಕಲಿಸಿದವರು, ವಕೀಲರು ಇನ್ನೂ ನಿವೃತ್ತಿಯ ಮಾತನ್ನೇ ಎತ್ತದವರು. ಈ ಮೂವರ ನಡುವೆ ನನ್ನ ಪಾತ್ರವೆಂದರೆ ಕೇಳಿಸಿಕೊಳ್ಳುವುದು ಮತ್ತು ಕಾಫಿಯ ಬಿಲ್ಲು ಕೊಡುವುದು.

“ಏರಿಸಲಿಲ್ಲ ರಾಯರೇ,” ಎಂದರು ಮೇಷ್ಟರು. “ಇನ್ಸಿಟೇಟಸ್ ಎಂಬ ಆ ಕುದುರೆಗೆ ಅಮೃತಶಿಲೆಯ ಲಾಯ, ದಂತದ ಗೋದಲಿ, ಕೊರಳಿಗೆ ರತ್ನದ ಸರ, ಆಳುಕಾಳುಗಳ ಸಮೇತ ಒಂದು ಮನೆ, ಇಷ್ಟೆಲ್ಲ ಇತ್ತೆಂದು ಸಾಮ್ರಾಟರ ಜೀವನಚರಿತ್ರೆಕಾರ ಸ್ವೆಟೋನಿಯಸ್ ಬರೆದಿದ್ದಾನೆ. ಪದವಿಯ ವಿಷಯಕ್ಕೆ ಬಂದಾಗ ಮಾತ್ರ, ಅದನ್ನೂ ಕೊಡಬೇಕೆಂದಿದ್ದನಂತೆ ಎಂದು ಹೇಳಿ ಜಾರಿಕೊಳ್ಳುತ್ತಾನೆ. ಅವನ ಎಷ್ಟೋ ಕಾಲದ ನಂತರ ಬರೆದ ಕ್ಯಾಸಿಯಸ್ ಡಿಯೋ ಕೂಡ, ಕ್ಯಾಲಿಗುಲಾ ಇನ್ನಷ್ಟು ದಿನ ಬದುಕಿದ್ದರೆ ಖಂಡಿತ ಕೊಡುತ್ತಿದ್ದ ಎನ್ನುತ್ತಾನೆಯೇ ಹೊರತು ಕೊಟ್ಟನೆನ್ನುವುದಿಲ್ಲ. ತನ್ನನ್ನೇ ದೇವರೆಂದು ಪೂಜಿಸಿಕೊಂಡ ಕ್ಯಾಲಿಗುಲಾ, ಆ ಪೂಜೆಗೆ ಕುದುರೆಯನ್ನು ಅರ್ಚಕರಲ್ಲಿ ಒಬ್ಬನನ್ನಾಗಿ ನೇಮಿಸಿದನೆಂದು ಮಾತ್ರ ಅವನು ಹೇಳುತ್ತಾನೆ.”

“ಹಾಗಾದರೆ ಮುಜರಾಯಿಯಲ್ಲಾದರೂ ಒಂದು ಕೆಲಸ ಸಿಕ್ಕಿತಲ್ಲ,” ಎಂದು ರಾಯರು ಸಮಾಧಾನ ಪಟ್ಟುಕೊಂಡರು. “ಅದೇನೇ ಇರಲಿ, ಈ ಸ್ವೆಟೋನಿಯಸ್ ನಮ್ಮ ಪೈಕಿಯವನು. ಅಗಸ್ಟಸ್ ಚಳಿಗಾಲದಲ್ಲಿ ದಪ್ಪ ಟೋಗಾದ ಒಳಗೆ ನಾಲ್ಕು ಅಂಗಿ ತೊಡುತ್ತಿದ್ದನೆಂದೂ, ಗುಡುಗಿಗೆ ಹೆದರಿ ಸೀಲ್ ಪ್ರಾಣಿಯ ಚರ್ಮವನ್ನು ಸದಾ ಹತ್ತಿರ ಇಟ್ಟುಕೊಳ್ಳುತ್ತಿದ್ದನೆಂದೂ ಬಾಬ್ತುವಾರು ಬರೆದವನು ಇನ್ನೊಬ್ಬನಿಲ್ಲ.”

ವಕೀಲರಿಗೆ ಇದು ಹಿಡಿಸಲಿಲ್ಲ. ಸಾಮ್ರಾಟನ ಒಳಅಂಗಿ ಎಣಿಸುವವನನ್ನು ಇತಿಹಾಸಕಾರನೆಂದು ಕರೆಯುವುದಾದರೆ ಅಗಸನನ್ನೂ ಹಾಗೆಯೇ ಕರೆಯಬೇಕಾಗುತ್ತದೆಂದೂ, ಬರೆದರೆ ಟ್ಯಾಸಿಟಸನಂತೆ ಬರೆಯಬೇಕೆಂದೂ ಅವರು ತೀರ್ಪು ಕೊಟ್ಟರು. ಟ್ಯಾಸಿಟಸ್ ಸೆನೆಟಿನ ಸದಸ್ಯ, ಕ್ರಿ.ಶ. 97ರಲ್ಲಿ ಸ್ವತಃ ಕಾನ್ಸಲ್ ಆಗಿದ್ದವನು; ಟೈಬೀರಿಯಸನಿಂದ ನೀರೋವರೆಗಿನ ಸಾಮ್ರಾಟರ ಕಥೆಯನ್ನು ಕೋಪವಿಲ್ಲದೆ, ಪಕ್ಷಪಾತವಿಲ್ಲದೆ ಬರೆಯುತ್ತೇನೆಂದು ಮೊದಲ ಪುಟದಲ್ಲೇ ಮಾತು ಕೊಟ್ಟವನು.

“ಮಾತು ಕೊಟ್ಟಿದ್ದು ನಿಜ, ಉಳಿಸಿಕೊಂಡಿದ್ದನ್ನು ತೋರಿಸಿ,” ಎಂದರು ಮೇಷ್ಟರು. “ಟೈಬೀರಿಯಸನ ಮಗ ಡ್ರೂಸಸ್ ಕ್ರಿ.ಶ. 23ರಲ್ಲಿ ಸತ್ತಾಗ ನಿಮ್ಮ ಟ್ಯಾಸಿಟಸ್ ಏನು ಮಾಡುತ್ತಾನೆ ನೋಡಿ. ವಿಷ ಹಾಕಿಸಿದವನು ಸಾಮ್ರಾಟನ ಕಾವಲುಪಡೆಯ ಮುಖ್ಯಸ್ಥ ಸೆಜಾನಸ್ ಎಂದು ಮೊದಲು ಬರೆಯುತ್ತಾನೆ. ಅಲ್ಲಿಗೆ ನಿಲ್ಲಿಸಬಹುದಿತ್ತಲ್ಲ! ಇಲ್ಲ, ಇನ್ನೊಂದು ಗಾಳಿಸುದ್ದಿಯೂ ಇದೆಯೆಂದು ಶುರು ಮಾಡುತ್ತಾನೆ. ಮಗನ ಮನೆಯ ಊಟದಲ್ಲಿ ಕೊಡುವ ಮೊದಲ ಬಟ್ಟಲಿನಲ್ಲಿ ವಿಷವಿದೆಯೆಂದು ಸೆಜಾನಸ್ ಮುದುಕನ ಕಿವಿಯಲ್ಲಿ ಊದಿದನಂತೆ. ಟೈಬೀರಿಯಸ್ ಆ ಬಟ್ಟಲನ್ನು ತೆಗೆದುಕೊಂಡು ಮಗನ ಕೈಗೇ ಕೊಟ್ಟನಂತೆ. ಏನೂ ಅರಿಯದ ಹುಡುಗ ಗಟಗಟನೆ ಕುಡಿದನಂತೆ. ಇಷ್ಟನ್ನೂ ಕಣ್ಣಿಗೆ ಕಟ್ಟುವಂತೆ ಹೇಳಿ, ಆಮೇಲೆ ಇದೆಲ್ಲ ಸುಳ್ಳು, ಯಾವ ತಂದೆ ವಿಚಾರಣೆಯಿಲ್ಲದೆ ಮಗನನ್ನು ಕೊಂದಾನು ಎಂದು ತಾನೇ ವಾದಿಸುತ್ತಾನೆ. ಸುಳ್ಳೆಂದು ಗೊತ್ತಿದ್ದ ಮೇಲೆ ಬಟ್ಟಲು ಕೈ ಬದಲಾಯಿಸಿದ್ದನ್ನು ಅಷ್ಟು ಚೆಂದವಾಗಿ ಏಕೆ ಬರೆಯಬೇಕಿತ್ತು?”

“ಅದೇ ವೃತ್ತಿಕೌಶಲ,” ಎಂದರು ವಕೀಲರು, ನಾಚಿಕೆಯ ಲವಲೇಶವೂ ಇಲ್ಲದೆ. “ದಾಖಲೆಯಿಂದ ತೆಗೆಸಿದ ಮಾತು ನ್ಯಾಯಾಧೀಶರ ಕಿವಿಯಿಂದ ಹೋಗುತ್ತದೆಯೇ?”

ಟ್ಯಾಸಿಟಸನ ಸರ್ವೀಸ್ ರಿಜಿಸ್ಟರ್ ತೆಗೆಯಬೇಕೆಂದು ರಾಯರು ಪಟ್ಟು ಹಿಡಿದರು. ಅದರಲ್ಲಿ ಸಿಕ್ಕಿದ್ದು ಅವರಿಗೆ ಹಬ್ಬವಾಯಿತು. ತನ್ನ ಏಳಿಗೆ ವೆಸ್ಪೇಸಿಯನ್ನನ ಕಾಲದಲ್ಲಿ ಆರಂಭವಾಗಿ, ಟೈಟಸನ ಕಾಲದಲ್ಲಿ ಬೆಳೆದು, ಡೊಮಿಷಿಯನ್ನನ ಕಾಲದಲ್ಲಿ ಇನ್ನೂ ಮುಂದಕ್ಕೆ ಹೋಯಿತೆಂದು ಟ್ಯಾಸಿಟಸನೇ ಒಪ್ಪಿಕೊಂಡಿದ್ದಾನೆ. ಆ ಡೊಮಿಷಿಯನ್ನನ ಬಗ್ಗೆ ಅವನು ಬರೆದದ್ದನ್ನು ಓದಿದರೆ, ಅಷ್ಟು ಕೆಟ್ಟ ಮೇಲಧಿಕಾರಿಯ ಕೈಯಿಂದ ಇಷ್ಟು ಒಳ್ಳೆಯ ಬಡ್ತಿ ಹೇಗೆ ಬಂತೆಂಬ ಆಕ್ಷೇಪಣೆಯನ್ನು ಯಾವ ಆಡಿಟರನಾದರೂ ಬರೆದೇ ಬರೆಯುತ್ತಾನೆ.

“ಸತ್ತವರನ್ನು ಬೈದ ಎಂದು ತಾನೇ ನಿಮ್ಮ ದೂರು?” ಎಂದು ವಕೀಲರು ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡರು. “ಬದುಕಿದ್ದವನ ಬಗ್ಗೆ ಬರೆದರೆ ಏನಾಗುತ್ತದೆಂದು ವೆಲ್ಲೇಯಸ್ ಪೆಟರ್ಕ್ಯುಲಸನನ್ನು ಕೇಳಿ.” ಈ ವೆಲ್ಲೇಯಸ್ ಟೈಬೀರಿಯಸನ ಕೈಕೆಳಗೆ ಕುದುರೆಪಡೆಯ ಅಧಿಕಾರಿಯಾಗಿದ್ದವನು. ದಂಡಯಾತ್ರೆಯಲ್ಲಿ ಕಾಯಿಲೆ ಬಿದ್ದವರಿಗೆ ಟೈಬೀರಿಯಸ್ ತನ್ನ ಪಲ್ಲಕ್ಕಿ, ತನ್ನ ವೈದ್ಯರು, ತನ್ನ ಅಡುಗೆ, ಕೊನೆಗೆ ತನ್ನ ಸ್ನಾನದ ಸಾಮಗ್ರಿಯನ್ನೂ ಬಿಟ್ಟುಕೊಡುತ್ತಿದ್ದನೆಂದೂ, ಆ ಪಲ್ಲಕ್ಕಿಯಲ್ಲಿ ತಾನೂ ಮಲಗಿದ್ದೆನೆಂದೂ ಅವನು ಬರೆದಿದ್ದಾನೆ. ಟ್ಯಾಸಿಟಸನ ಮುಖ ಗಂಟಿಕ್ಕಿದ ಟೈಬೀರಿಯಸನಿಗೂ ಈ ದಯಾಳುವಿಗೂ ಸಂಬಂಧವೇ ಇಲ್ಲವೆನ್ನಿಸುತ್ತದೆ. ನನಗಂತೂ ಆ ಸ್ನಾನದ ಸಾಮಗ್ರಿ ನಿಜವಾಗಿಯೇ ಇತ್ತೆಂದು ತೋರುತ್ತದೆ, ಏಕೆಂದರೆ ಹೊಗಳುಭಟನಿಗೆ ಅಂಥದ್ದು ಸುಮ್ಮಸುಮ್ಮನೆ ಹೊಳೆಯುವುದಿಲ್ಲ. ಆದರೆ ಪಾಪ, ಕ್ರಿ.ಶ. 30ರಲ್ಲಿ ಮುಗಿಸಿದ ಆ ಪುಸ್ತಕದಲ್ಲಿ ಅವನು ಸೆಜಾನಸನನ್ನೂ ಬಾಯ್ತುಂಬ ಹೊಗಳಿದ್ದ. ಮರುವರ್ಷವೇ ಟೈಬೀರಿಯಸ್ ಸೆಜಾನಸನನ್ನು ಕೊಲ್ಲಿಸಿದ.

“ಎರಡನೆಯ ಮುದ್ರಣಕ್ಕೆ ತೊಂದರೆಯಾಗಿರಬೇಕು,” ಎಂದರು ರಾಯರು.

ಹೊಗಳದೆ ಬರೆದವನ ಗತಿ ಇನ್ನೂ ಕಷ್ಟದ್ದು. ಕ್ರೆಮುಟಿಯಸ್ ಕಾರ್ಡಸ್ ಎಂಬವನು ತನ್ನ ಇತಿಹಾಸದಲ್ಲಿ ಜೂಲಿಯಸ್ ಸೀಸರನನ್ನು ಕೊಂದವರಲ್ಲಿ ಬ್ರೂಟಸನನ್ನು ಮೆಚ್ಚಿ, ಅವನ ಜೊತೆಗಾರ ಕ್ಯಾಸಿಯಸನನ್ನು ನಿಜವಾದ ರೋಮನರಲ್ಲಿ ಕೊನೆಯವನೆಂದು ಕರೆದದ್ದೇ ಅಪರಾಧವಾಗಿ ಕ್ರಿ.ಶ. 25ರಲ್ಲಿ ವಿಚಾರಣೆಗೆ ಗುರಿಯಾದ. ಅನ್ನ ಬಿಟ್ಟು ಸತ್ತ. ಅವನ ಪುಸ್ತಕಗಳನ್ನು ಸುಡಿಸಿದರು. ಮಗಳು ಮಾರ್ಸಿಯಾ ಪ್ರತಿಗಳನ್ನು ಅಡಗಿಸಿ ಕಾಪಾಡಿದಳು. ಆ ಪುಸ್ತಕವನ್ನು ಜನ ಮತ್ತೆ ಓದಬಹುದೆಂದು ಅಪ್ಪಣೆ ಕೊಟ್ಟವನು ಯಾರೆಂದು ಮೇಷ್ಟರು ಪರೀಕ್ಷೆಯ ಪ್ರಶ್ನೆಯಂತೆ ಕೇಳಿದಾಗ ನಾವು ಯಾರೂ ಬಾಯಿ ಬಿಡಲಿಲ್ಲ. ಅದೇ ಕುದುರೆಯ ಯಜಮಾನ, ಕ್ಯಾಲಿಗುಲಾ! ಅದನ್ನು ಬರೆದಿಟ್ಟವನೂ ಕುದುರೆಯ ವಿಷಯ ಬರೆದ ಸ್ವೆಟೋನಿಯಸನೇ. ಆದರೂ ಲೋಕಕ್ಕೆ ನೆನಪಿರುವುದು ಕುದುರೆಯೊಂದೇ.

ವಕೀಲರು ಆಗ ನೀರೋವಿನ ಮೊಕದ್ದಮೆಯನ್ನು ಎತ್ತಿಕೊಂಡರು. ಕ್ರಿ.ಶ. 64ರಲ್ಲಿ ರೋಮ್ ಹೊತ್ತಿ ಉರಿಯುವಾಗ ನೀರೋ ಟ್ರಾಯ್ ಪಟ್ಟಣದ ನಾಶವನ್ನು ಹಾಡುತ್ತಿದ್ದನೇ? ಸ್ವೆಟೋನಿಯಸ್ ಅವನನ್ನು ಮೀಸೀನಸನ ಗೋಪುರದ ಮೇಲೆ ನಿಲ್ಲಿಸುತ್ತಾನೆ. ಸುಮಾರು 150 ವರ್ಷಗಳ ನಂತರದ ಡಿಯೋ ಅರಮನೆಯ ಮಾಳಿಗೆಗೆ ಹತ್ತಿಸುತ್ತಾನೆ. ಟ್ಯಾಸಿಟಸ್ ಒಬ್ಬನೇ, ಬೆಂಕಿ ಹತ್ತಿದಾಗ ನೀರೋ ಊರಲ್ಲೇ ಇರದೆ ಆಂಟಿಯಮ್ಮಿನಲ್ಲಿದ್ದನೆಂದೂ, ಬಂದು ನಿರಾಶ್ರಿತರಿಗೆ ತನ್ನ ತೋಟಗಳನ್ನು ತೆರೆಸಿ ಧಾನ್ಯದ ಬೆಲೆ ಇಳಿಸಿದನೆಂದೂ ಹೇಳಿ, ಹಾಡಿನದು ಊರಲ್ಲಿ ಹಬ್ಬಿದ ಸುದ್ದಿಯೆಂದು ಬೇರೆಯಾಗಿ ಇಡುತ್ತಾನೆ. “ಆರೋಪಿ ಎರಡು ಕಡೆ ನಿಂತು ಹಾಡಿದನೆಂಬ ಸಾಕ್ಷಿಗಳು ಬೇಕೋ, ಹಾಡಿದ್ದೇ ವದಂತಿಯೆನ್ನುವ ಸಾಕ್ಷಿ ಬೇಕೋ?” ಎಂದು ವಕೀಲರು ಮೀಸೆ ತಿರುವಿದರು.

ಅವರ ಈ ಗೆಲುವು ಕಾಫಿ ಆರುವವರೆಗೂ ಉಳಿಯಲಿಲ್ಲ. ನೀರೋ ಬರೆದ ಪದ್ಯಗಳು ಅವನವಲ್ಲ, ಸುತ್ತ ಕೂತವರು ಸಾಲಿಗೆ ಸಾಲು ಸೇರಿಸಿ ಹೊಲಿದು ಕೊಟ್ಟವು ಎಂಬುದು ಟ್ಯಾಸಿಟಸನ ಅಭಿಪ್ರಾಯ. ಸ್ವೆಟೋನಿಯಸ್ ಇದಕ್ಕೆ ಕೊಟ್ಟ ಉತ್ತರ ನನ್ನ ಮಟ್ಟಿಗೆ ಈ ಇಡೀ ಜಗಳದಲ್ಲಿ ಅತ್ಯಂತ ತೂಕದ್ದು. ನೀರೋವಿನ ಟಿಪ್ಪಣಿಯ ಪುಸ್ತಕಗಳು ತನ್ನ ಕೈಗೇ ಬಂದಿದ್ದವು, ಅವನದೇ ಅಕ್ಷರ, ಅಲ್ಲಲ್ಲಿ ಹೊಡೆದು ಹಾಕಿದ್ದು, ಅಳಿಸಿದ್ದು, ಮೇಲೆ ಸೇರಿಸಿದ್ದು. ಇನ್ನೊಬ್ಬರದನ್ನು ನಕಲು ಮಾಡುವವನು ಹೀಗೆ ಒದ್ದಾಡುವುದಿಲ್ಲ ಎನ್ನುತ್ತಾನೆ ಅವನು. ಸಾಮ್ರಾಟ ಹಾಡ್ರಿಯನ್ನನ ಪತ್ರವ್ಯವಹಾರ ನೋಡಿಕೊಳ್ಳುತ್ತಿದ್ದ ಈ ಮನುಷ್ಯ ಅಗಸ್ಟಸನ ಕೈಬರಹವನ್ನೂ ಬಿಟ್ಟವನಲ್ಲ. ಸಾಲಿನ ಕೊನೆಯಲ್ಲಿ ಜಾಗ ಸಾಲದಿದ್ದರೆ ಅಗಸ್ಟಸ್ ಉಳಿದ ಅಕ್ಷರಗಳನ್ನು ಮುಂದಿನ ಸಾಲಿಗೆ ಒಯ್ಯದೆ ಅಲ್ಲೇ ಕೆಳಗೆ ಬರೆದು ಸುತ್ತ ಗೆರೆ ಎಳೆಯುತ್ತಿದ್ದನಂತೆ.

“ವೋಚರ್ ನೋಡಿದವನು ಎಂದರೆ ಅವನು!” ಎಂದು ರಾಯರು ಮೇಜು ಗುದ್ದಿದರು.

ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಟೈಬೀರಿಯಸನ ಕಾಲದ ಬೆಳ್ಳಿ ನಾಣ್ಯ ಸಿಕ್ಕಿದೆ, ಬೇಕಾದರೆ ಅದನ್ನು ನಂಬೋಣ, ಅದಕ್ಕೆ ಗುಂಪುಗಾರಿಕೆ ಗೊತ್ತಿಲ್ಲ ಎಂದು ಮೇಷ್ಟರು ಸಂಧಾನಕ್ಕೆ ಬಂದರು. ಟೈಬೀರಿಯಸನ ನಾಣ್ಯಗಳಲ್ಲಿ ಅವನು ತನ್ನನ್ನು ದೈವತ್ವ ಪಡೆದ ಅಗಸ್ಟಸನ ಮಗನೆಂದು ಕೊರೆಸಿಕೊಂಡಿದ್ದನ್ನೂ, ಅವನು ಅಗಸ್ಟಸನ ಹೆಂಡತಿಯ ಮೊದಲ ಗಂಡನ ಮಗನಾಗಿ ಬಂದು ಕ್ರಿ.ಶ. 4ರಲ್ಲಿ ದತ್ತಕನಾದವನೆಂಬುದನ್ನೂ ವಕೀಲರು ನೆನಪಿಸಿ, ಫಲಾನುಭವಿಯೇ ತಯಾರಿಸಿದ ದಾಖಲೆಯನ್ನು ಒಪ್ಪಲಾಗದೆಂದರು.

ಟ್ಯಾಸಿಟಸನ ಪುಸ್ತಕದ 7ರಿಂದ 10ರವರೆಗಿನ ಸಂಪುಟಗಳು ಕಳೆದುಹೋಗಿ, ಕ್ಯಾಲಿಗುಲಾನ ಆಳ್ವಿಕೆ ಪೂರ್ತಿಯೂ ಕ್ಲಾಡಿಯಸನ ಮೊದಲ ವರ್ಷಗಳೂ ಅವುಗಳೊಂದಿಗೇ ಹೋದವು. ಕುದುರೆಯ ವಿಷಯದಲ್ಲಿ ಅವನ ಹೇಳಿಕೆ ನಮಗೆ ಸಿಗದಿರುವುದು ಇದರಿಂದಲೇ. ಸ್ವತಃ ಇತಿಹಾಸಕಾರನಾಗಿದ್ದ ಸಾಮ್ರಾಟನೊಬ್ಬನಿದ್ದನಲ್ಲ, ಅವನನ್ನೇ ಕೇಳಬಾರದೇಕೆ ಎಂದೆ ನಾನು, ಬಿಲ್ಲು ಬಂದದ್ದನ್ನು ಕಂಡು ಮಾತಾಡುವ ಹಕ್ಕು ಬಂದಂತಾಗಿ. ಲಿವಿ ಎಂಬ ಇತಿಹಾಸಕಾರನ ಪ್ರೋತ್ಸಾಹದಿಂದ ಬರೆಯತೊಡಗಿದ ಕ್ಲಾಡಿಯಸ್, ಅಂತರ್ಯುದ್ಧದ ಕಾಲವನ್ನು ಮುಟ್ಟಿದ್ದಕ್ಕೆ ತಾಯಿಯಿಂದಲೂ ಅಜ್ಜಿಯಿಂದಲೂ ಬೈಸಿಕೊಂಡು, ಅದನ್ನು ಎರಡೇ ಸಂಪುಟಕ್ಕೆ ಬಿಟ್ಟು, ಶಾಂತಿ ನೆಲೆಸಿದ ಮೇಲಿನದನ್ನು 41 ಸಂಪುಟ ಬರೆದ. ಎಟ್ರಸ್ಕನರ ಮೇಲೆ 20, ಕಾರ್ತೇಜಿನ ಮೇಲೆ 8 ಬೇರೆ.

“ಈಗ ಎಷ್ಟು ಉಳಿದಿವೆ?” ಎಂದು ವಕೀಲರು ಆಸೆಯಿಂದ ಕೇಳಿದರು.

ಒಂದೂ ಇಲ್ಲವೆಂದು ಮೇಷ್ಟರು ಹೇಳಿದರು. ಉಳಿದಿರುವುದು ಅವನು ಮೊದಲ ಸಲ ಸಭೆಯಲ್ಲಿ ತನ್ನ ಇತಿಹಾಸವನ್ನು ಓದಿದಾಗ ನಡೆದ ಸಂಗತಿ. ಓದು ಶುರುವಾಗುತ್ತಿದ್ದಂತೆ ಒಬ್ಬ ದಢೂತಿ ಮನುಷ್ಯನ ಭಾರಕ್ಕೆ ಬೆಂಚುಗಳು ಮುರಿದು ಸಭೆಯೆಲ್ಲ ನಕ್ಕಿತು. ಸಭೆ ಸುಮ್ಮನಾದ ಮೇಲೂ ಕ್ಲಾಡಿಯಸನಿಗೆ ಅದು ಮತ್ತೆ ಮತ್ತೆ ನೆನಪಾಗಿ ನಗು ತಡೆಯಲಾಗದೆ, ಓದಿ ಮುಗಿಸುವುದೇ ಕಷ್ಟವಾಯಿತು. ಬರೆದಿಟ್ಟವನು ಸ್ವೆಟೋನಿಯಸ್.

ವಕೀಲರು ನಿಟ್ಟುಸಿರಿಟ್ಟರು. ರಾಯರು ಮಾತ್ರ, ಆ ಬೆಂಚುಗಳ ರಿಪೇರಿಯನ್ನು ಯಾವ ಲೆಕ್ಕದ ಶೀರ್ಷಿಕೆಗೆ ಹಾಕಿದರೆಂದು ಅವನು ಬರೆದಿದ್ದಾನೆಯೇ ಎಂದು ಮೇಷ್ಟರನ್ನು ಕೇಳುತ್ತ ಮೆಟ್ಟಿಲಿಳಿದರು.