ಹೊರದೇಶದ ಯುದ್ಧಭೂಮಿಯಿಂದ ಬಂದವರ ಮನಸ್ಸು: ಮನೋವೈದ್ಯರನ್ನ ಕೇಳಿ

ಸೈನಿಕನ ತಂಗಿ: ಮೇಡಂ, ಅಣ್ಣ ಬಂದು ಎರಡು ವಾರ, ರಾತ್ರಿ ಬೆಚ್ಚಿಬೀಳ್ತಾನೆ. ದೊಡ್ಡ ಆಘಾತ ಆದ್ಮೇಲೆ ಕಾಡೋ ಮನಸ್ಸಿನ ಕಾಯಿಲೆ ಅಂತಾರಲ್ಲ, ಆ ಪಿಟಿಎಸ್‌ಡಿನಾ?

ಡಾಕ್ಟರ್: ಇಷ್ಟು ಬೇಗ ಹಾಗನ್ನಕ್ಕಾಗಲ್ಲ. ತಿಂಗಳು ದಾಟಿದ್ಮೇಲೂ ಹೀಗೇ ಇದ್ರೆ ತೋರಿಸಿ, ಹೆಚ್ಚಾದ್ರೆ ಕಾಯ್ಬೇಡಿ.

ಇನ್ನೊಬ್ಬರು: ನಮ್ಮ ಮಗನಿಗೂ ಇದೇ, ಪಿಟಿಎಸ್‌ಡಿ ಇರಬಹುದಾ?

ಡಾಕ್ಟರ್: ಮೇಲೆ ಓದಿ.

ಸೈನಿಕನ ಹೆಂಡತಿ: ಮೇಡಂ, ನಮ್ಮನೆಯವರು ಬಂದು ಐದು ತಿಂಗಳಾಯ್ತು. ಕೂಗಾಟ ಇಲ್ಲ, ಕುಡಿಯಲ್ಲ, ಆದ್ರೆ ಮಗಳನ್ನ ಎತ್ಕೊಳಲ್ಲ, ಅವಳು ಹತ್ರ ಬಂದ್ರೆ ಕೈ ಹಿಂದೆ ಕಟ್ಕೊಂಡು ನಿಂತ್ಬಿಡ್ತಾರೆ. ಅಲ್ಲಿ ಚೆಕ್‌ಪೋಸ್ಟಲ್ಲಿ ಏನೋ ಆಗಿತ್ತಂತೆ, ಬಾಯಿ ಬಿಡಲ್ಲ. ಈ ವಾರ ಯಾಕೋ ಸಮಾಧಾನವಾಗಿದಾರೆ, ಬ್ಯಾಂಕು ಇನ್ಶೂರೆನ್ಸ್ ಪೇಪರೆಲ್ಲ ಒಂದು ಫೈಲಿಗೆ ಹಾಕಿ ನಂಗೆ ತೋರ್ಸಿದ್ರು, ವಾಚು ತಮ್ಮನಿಗೆ ಕೊಟ್ರು. ಸುಧಾರಿಸ್ತಿದಾರೆ ಅನ್ಕೋಬಹುದಾ?

ಡಾಕ್ಟರ್: ಇಲ್ಲಮ್ಮ, ಅನ್ಕೋಬೇಡಿ. ಫೈಲು, ವಾಚು, ಇದ್ದಕ್ಕಿದ್ದಂಗೆ ಬಂದ ಈ ಸಮಾಧಾನ, ಈ ಮೂರೂ ಒಟ್ಟಿಗೆ ಇರೋದು ನಂಗೆ ತುಂಬಾ ಭಯ ಹುಟ್ಟಿಸ್ತಿದೆ. ಇವತ್ತೇ, ಈಗ್ಲೇ ಪಕ್ಕ ಕೂತು ನೇರವಾಗಿ ಕೇಳಿ, ಸಾಯೋ ಯೋಚನೆ ಬರ್ತಿದ್ಯಾ ಅಂತ. ಕೇಳಿದ್ರೆ ಇಲ್ಲದ ಯೋಚನೆ ತಲೆಗೆ ತುಂಬಿದ ಹಾಗಾಗತ್ತೆ ಅನ್ನೋದು ಸುಳ್ಳು. ಬಂದೂಕು, ಮಾತ್ರೆ ಏನಿದ್ರೂ ಮನೆಯಿಂದ ಆಚೆ ಕಳಿಸಿ, ಒಬ್ರನ್ನೇ ಬಿಡ್ಬೇಡಿ, ಎಮರ್ಜೆನ್ಸಿಗೆ ಕರ್ಕೊಂಡು ಹೋಗಿ. ಮಗು ವಿಷಯ ಹೇಳ್ತೀನಿ: ಎಲ್ಲರನ್ನೂ ಕಾಡೋದು ಭಯ ಒಂದೇ ಅಲ್ಲ. ತಾನು ಮಾಡಿದ್ದೋ, ತಡೆಯಕ್ಕಾಗದೆ ನೋಡಿದ್ದೋ ಒಳಗೊಳಗೇ ತಿಂತಿರತ್ತೆ, ಅದನ್ನ ನಾವು ನೈತಿಕ ಗಾಯ ಅಂತೀವಿ. ಈ ಕೈಯಲ್ಲಿ ಮಗು ಮುಟ್ಟೋ ಯೋಗ್ಯತೆ ನಂಗಿಲ್ಲ ಅಂತ ಅವ್ರಿಗೆ ಅನ್ನಿಸ್ತಿರಬಹುದು, ಮಗು ಮೇಲೆ ಪ್ರೀತಿ ಇಲ್ಲ ಅಂತಲ್ಲ. ನೀನು ಡ್ಯೂಟಿ ತಾನೇ ಮಾಡಿದ್ದು ಬಿಡು ಅಂತ ಬಾಯಿ ಮುಚ್ಚಿಸ್ಬೇಡಿ, ಹೇಳಿದಷ್ಟು ಕೇಳಿಸ್ಕೊಳ್ಳಿ.

ಮತ್ತೊಬ್ಬ ಸದಸ್ಯ: ಫಾರ್ವರ್ಡ್: 21 ದಿನ ಪ್ರಾಣಾಯಾಮ ಮಾಡಿ, ಮಾನಸಿಕ ಮಾತ್ರೆ ಬಿಟ್ಟುಬಿಡಿ, 100% ಗುಣ 🙏

ಡಾಕ್ಟರ್: ಡಿಲೀಟ್ ಮಾಡಿ. ಪ್ರಾಣಾಯಾಮ ಮಾಡ್ಲಿ, ಬೇಡ ಅಂದೋರು ಯಾರು? ಮಾತ್ರೆ ಥಟ್ಟಂತ ನಿಲ್ಲಿಸಿದ್ರೆ ತಲೆಸುತ್ತು, ನಿದ್ದೆ ಹೋಗಿ, ಕಾಯಿಲೆನೂ ಮರುಕಳಿಸಿದ್ರೆ ಆಗ ಓಡೋದು ಆಸ್ಪತ್ರೆಗೆ, ಈ ಮೆಸೇಜ್ ಬರೆದವನ ಮನೆಗಲ್ಲ.

ಮಾಜಿ ಸೈನಿಕ: ನಮ್ಮ ಕಾಲದಲ್ಲಿ ಇದೆಲ್ಲ ಇರ್ಲಿಲ್ಲ. ಎರಡು ಪೆಗ್ ಹಾಕಿ ಮಲಗ್ತಿದ್ವಿ.

ಸೈನಿಕನ ತಂಗಿ: ಇರ್ಲಿಲ್ವಾ ಅಂಕಲ್? ಮೊದಲ ಮಹಾಯುದ್ಧದಲ್ಲೇ ಇಂಥದ್ದಕ್ಕೆ ಶೆಲ್ ಶಾಕ್ ಅಂತಿದ್ರು, ವಿಯೆಟ್ನಾಂನಿಂದ ಬಂದ ಅಮೆರಿಕದ ಸೈನಿಕರ ಪರ ಹೋರಾಟ ನಡೆದು 1980ರಲ್ಲಿ ಪಿಟಿಎಸ್‌ಡಿ ಅಂತ ಡಾಕ್ಟರುಗಳ ಕಾಯಿಲೆ ಪಟ್ಟಿಗೇ ಸೇರ್ತು.

ಮಾಜಿ ಸೈನಿಕ: ಗೂಗಲ್ ನೋಡಿ ನಂಗೆ ಪಾಠ ಹೇಳ್ಬೇಡಮ್ಮ.

ಸೈನಿಕನ ಹೆಂಡತಿ: ಮೇಡಂ ಕೇಳ್ದೆ. ಹೌದು ಅಂದ್ರು.

ಡಾಕ್ಟರ್: ಸತ್ಯ ಹೇಳಿದಾರೆ, ಒಳ್ಳೇದೇ ಆಯ್ತು. ಭಾವ ಮೈದುನ ಯಾರಾದ್ರೂ ಜೊತೆಗಿರ್ಲಿ, ಈಗ್ಲೇ ಹೊರಡಿ, ಫೈಲಿನ ವಿಷಯ ಮರೀದೆ ಅಲ್ಲಿ ಹೇಳಿ. ಉಳಿದವರು ಜಗಳ ನಿಲ್ಲಿಸಿ. ಕುಡಿದ್ರೆ ಬರೋದು ಮಂಪರು, ನಿದ್ದೆ ಕೆಡತ್ತೆ.

ಇನ್ನೊಬ್ಬರು: ನಾನು ಕೇಳಿದ್ದಕ್ಕೆ ಎರಡೇ ಪದ, ಅವ್ರಿಗೆ ಪುಟಗಟ್ಟಲೆ!

ಮಾಜಿ ಸೈನಿಕ: ಪೆಗ್ ಕುಡಿದ್ರೂ ಪೂರ್ತಿ ಸರ್ವಿಸ್ ಮಾಡಿದೀವಿ.

ಹೊಸ ಸದಸ್ಯ: ಡಾಕ್ಟರ್ ಹತ್ರ ಹೋದ್ರೆ ಸರ್ವಿಸ್ ರೆಕಾರ್ಡಲ್ಲಿ ಬರತ್ತಾ? ಪ್ರಮೋಷನ್ ಹತ್ರ ಇದೆ, ಯಾರಾದ್ರೂ ಹೇಳಿ.