ಮೂರೇ ತುಂಡಾ, ಭಾವ?

ಸೆಪ್ಟೆಂಬರ್ 3ಕ್ಕೆ ಕೈಲ್ ಮುಹೂರ್ತ. ಕೊಡಗಿನಲ್ಲಿ ಅವತ್ತು ಕೋವಿಗೆ ಪೂಜೆ. ಹಿಂದಿನ ದಿನ ಭಾವ ತಾತನ ಕಾಲದ ಒಂಟಿ ನಳಿಗೆ ಕೋವಿ ಹಿಡಿದು ಜಗಲಿಯಲ್ಲಿ ಕೂತಿದ್ದರು. ನನ್ನ ಬೆಂಗಳೂರಿನ ಗೆಳೆಯ ಸ್ಕ್ರೂಡ್ರೈವರ್ ಡಬ್ಬಿ, ಉಪ್ಪುಕಾಗದ, ಕೊಬ್ಬರಿ ಎಣ್ಣೆ ಸಮೇತ ಹಾಜರಾದ.

"ಲೈಸೆನ್ಸ್ ಇದ್ಯಾ ಭಾವ?"

"ಕೊಡವರಾದ ನಮಗೆ ವಿನಾಯಿತಿ. ಬ್ರಿಟಿಷರ ಕಾಲದ್ದು, ಈಗ 2029ರವರೆಗೆ ಮುಂದುವರಿದಿದೆ."

"12 ಬೋರ್ ಅಂದ್ರೆ 12 ಗುಂಡು ಹಿಡಿಯುತ್ತಾ?"

"ಹಿಡಿಯೋದು ಒಂದೇ. ನಳಿಗೆಯಷ್ಟೇ ದಪ್ಪದ ಸೀಸದ ಗುಂಡು 12 ಸೇರಿದ್ರೆ ಒಂದು ಪೌಂಡ್ ತೂಗುತ್ತೆ, ಅದಕ್ಕೆ ಆ ಹೆಸರು."

ಭಾವ ಮೊದಲು ಲಿವರ್ ಒತ್ತಿ ಕೋವಿಯನ್ನು ನಡುವೆ ಬಾಗಿಸಿ ತೆರೆದು, ಒಳಗೆ ಕಾಡತೂಸು ಇಲ್ಲವೆಂದು ಬೆರಳು ಹಾಕಿಯೇ ನೋಡಿದರು. ಮತ್ತೆ ಮುಚ್ಚಿ, ನಳಿಗೆ ಕೆಳಗಿನ ಮರದ ತುಂಡನ್ನು ಎಳೆದರು. ಕಳಚಿ ಬಂತು. ಪುನಃ ಬಾಗಿಸಿದಾಗ ನಳಿಗೆಯೂ ಕೈಗೆ ಬಂತು. ಉಳಿದದ್ದು ಹಿಡಿ.

"ಮೂರೇ ತುಂಡಾ? ವಿಡಿಯೋದಲ್ಲಿ ಸ್ಪ್ರಿಂಗೆಲ್ಲಾ ಬಿಚ್ಚಿದ್ದರು!"

"ವಾಪಸ್ ಹಾಕಿದ್ದು ತೋರಿಸಿದ್ರಾ?"

"ಅದು ಎರಡನೇ ಭಾಗದಲ್ಲಂತೆ."

"ಬಂತಾ?"

"ಇನ್ನೂ ಇಲ್ಲ."

ಸ್ಕ್ರೂ ತಲೆ ಒಮ್ಮೆ ಸವೆದರೆ ಮುಗೀತು, ಹಳೇ ಕೋವಿಗೆ ಹೊಸ ಸ್ಕ್ರೂ ಎಲ್ಲಿ ಹುಡುಕೋದು? ಭಾವ ಡಬ್ಬಿಯನ್ನು ಕಾಲಿನಿಂದ ದೂರ ತಳ್ಳಿದರು. ಉಪ್ಪುಕಾಗದ ಬೇಲಿಯಾಚೆ ಹೋಯಿತು. ನಳಿಗೆಯ ಕಪ್ಪು ಲೇಪವೇ ತುಕ್ಕಿಗೆ ತಡೆ, ಅದನ್ನೇ ಉಜ್ಜಿ ತೆಗೆದರೆ ಫಳಫಳ ಅನ್ನೋದು ಮುಂದಿನ ಮಳೆಗಾಲದವರೆಗೆ ಮಾತ್ರ.

"ಎಣ್ಣೆನಾದ್ರೂ ಹಾಕ್ಲಾ?"

"ಕೊಬ್ಬರಿ ಎಣ್ಣೆ 24 ಡಿಗ್ರಿ ಕೆಳಗೆ ಗಟ್ಟಿಯಾಗುತ್ತೆ ಮಾರಾಯ. ಬಾಟಲಿ ನೋಡು, ಆಗಲೇ ಬೆಣ್ಣೆ. ಕೋವಿ ಒಳಗೆ ಹಾಗಾದ್ರೆ ಪಿನ್ನಿಗೆ ಬಡಿಯೋ ಹ್ಯಾಮರ್ ಸ್ವೆಟರ್ ಹಾಕ್ಕೊಂಡು ಕೂರುತ್ತೆ. ಹೊಲಿಗೆ ಮಿಷನ್ ಎಣ್ಣೆ ತಾ."

ಆಮೇಲೆ ಹಿತ್ತಾಳೆ ಬ್ರಷ್, ಒಣಬಟ್ಟೆ, ಕೊನೆಗೆ ಒಂದೆರಡು ಹನಿ ಎಣ್ಣೆ. ಎಲ್ಲವೂ ಕಾಡತೂಸು ಹಾಕುವ ಕಡೆಯಿಂದಲೇ. ಬಾಯಿ ಕಡೆಯಿಂದ ತಳ್ಳಿದರೆ ಮಸಿಯೆಲ್ಲಾ ಹಿಂದೆ ಬಂದು ತುಂಬುತ್ತದೆ. ಉಜ್ಜಿದ ಮೇಲೂ ಒಳಗೆ ಚುಕ್ಕೆ ಉಳಿದರೆ ತುಕ್ಕು ತಿಂದಿದೆ ಅಂತ ಅರ್ಥ. ಅದಕ್ಕೆ ಕೋವಿ ರಿಪೇರಿಯವರೇ ಬೇಕು, ನಮ್ಮ ಜಾಣತನ ಸಾಲದು.

ಕೋವಿ ಜೋಡಿಸಿದ ಮೇಲೆ ಗೆಳೆಯನ ಬೆರಳು ಟ್ರಿಗರ್ ಕಡೆ ಹೋಯಿತು. ಭಾವ ತಟ್ಟನೆ ಕೈ ಹಿಡಿದರು.

"ಖಾಲಿ ಕೋವಿ ಎಳೀಬೇಡ, ಒಳಗಿನ ಪಿನ್ ಹಾಳಾಗುತ್ತೆ. ನಾಳೆ ತೆಂಗಿನಕಾಯಿಗೆ ಗುರಿ ಇಡೋದಿದೆಯಲ್ಲ."

"ಹೋದ ವರ್ಷ ನೀವು ಹೊಡೆದ ಮೇಲೂ ಕಾಯಿ ಮರದಲ್ಲೇ ಇತ್ತಲ್ವಾ ಭಾವ?" ಎಂದೆ.

"ಇತ್ತು," ಎಂದರು ಭಾವ. "ಕೋವಿ ಮಾತ್ರ ಕ್ಲೀನಾಗಿತ್ತು."